ಲೈಸೆನ್ಸಿಗೆ ಕುಂಕುಮ ಇಟ್ಟದ್ದು

ನಾನು ಯಾವ ಕೆಲಸಕ್ಕೆ ಕೈಹಾಕಿದರೂ ಮನೆಯವರ ನಗುವಿಗೆ ಏನಾದರೊಂದು ಒದಗಿಸದೆ ಆ ದೇವರು ಬಿಡುವುದಿಲ್ಲ. ಎಂಬತ್ತರ ದಶಕದಲ್ಲಿ ಅಮೆರಿಕದ ಸ್ಯಾನ್ ಹೊಸೆಯಲ್ಲಿ ಮನೆ ವ್ಯವಹಾರದ ಬ್ರೋಕರ್ ಲೈಸೆನ್ಸಿಗೆ ಹೊರಟಾಗಲೂ ಹಾಗೇ ಆಯಿತು.

೧. ಸ್ವಂತ ಮನೆಗೆ?

ನಮ್ಮೂರಿನ ಎವರ್‌ಗ್ರೀನ್ ಬಡಾವಣೆಯಲ್ಲಿದ್ದ ಮೈಸೂರಿನ ಡಾಕ್ಟರೊಬ್ಬರು ಹೆಂಡತಿ ಮಕ್ಕಳನ್ನು ಮೊದಲೇ ಬೇರೆ ರಾಜ್ಯಕ್ಕೆ ಕಳಿಸಿ, ತಾವೂ ಹೊರಡುವ ತಯಾರಿಯಲ್ಲಿದ್ದರು.

"ರಾಯರೇ, ಮನೆ ಬಾಡಿಗೆಗೆ ಕೊಡ್ತೀನಿ, ನೀವೇ ನೋಡ್ಕೊಳ್ಳಿ. ತೊಂದರೆ ಕೊಡೋರು ಬಂದ್ರೆ ಮನೆ ಬಿಡಿಸಿಬಿಡಿ. ಆದ್ರೆ ನಾನು ಹೊರಡೋದ್ರೊಳಗೆ ಲೈಸೆನ್ಸು ತೋರಿಸ್ಬೇಕು. ಇಲ್ದಿದ್ರೆ ಯಾವುದಾದ್ರೂ ಕಂಪನಿಗೆ ಒಪ್ಪಿಸ್ತೀನಿ."

ನಾನಾಗ ಒಬ್ಬ ಬ್ರೋಕರರ ಕೈಕೆಳಗೆ ಮನೆ ಮಾರಿಸುತ್ತಿದ್ದೆ. ಸ್ವತಂತ್ರವಾಗಿ, ಕಮಿಷನ್ ತೆಗೆದುಕೊಂಡು ಇನ್ನೊಬ್ಬರ ಮನೆ ನೋಡಿಕೊಳ್ಳಲು ನನ್ನದೇ ಬ್ರೋಕರ್ ಲೈಸೆನ್ಸು ಬೇಕು. ಇವರೋ ನನ್ನ ಮೊದಲ ಸ್ವಂತ ಗಿರಾಕಿ, ಕೈಬಿಡಲು ಮನಸ್ಸಿಲ್ಲ.

ಇದನ್ನು ಮನೆಯಾಕೆಗೆ ವಿವರಿಸಿದೆ. ಸೋರುವ ನಲ್ಲಿಯ ಕೆಳಗೆ ಬಕೆಟ್ಟು ಇಡುತ್ತ ಕೇಳಿದಳು: "ಸ್ವಂತ ಮನೆ ನೋಡ್ಕೊಳ್ಳೋಕೂ ಲೈಸೆನ್ಸು ಬೇಕೇನ್ರೀ? ಅದಿಲ್ಲ ಅಂತಲೇ ಇಷ್ಟು ದಿನ ಸುಮ್ನಿದ್ರೇನೋ!"

೨. ಕಾಫಿಗೆ ಮಾರ್ಕಿಲ್ಲ

ಪರೀಕ್ಷೆಗೆ ನನ್ನನ್ನು ಓದಿಸುತ್ತಿದ್ದವಳು ಹೈಸ್ಕೂಲಿನಲ್ಲಿದ್ದ ಮಗಳು.

"ಟೆನೆಂಟು ಪಕ್ಕದ್ಮನೆಯವ್ರ ಹತ್ರ ಜಗಳ ಆಡ್ತಾನೆ. ವಾಟ್ ಡು ಯು ಡೂ, ಅಪ್ಪಾ?"

ನಾನು ನಿಧಾನವಾಗಿ ಯೋಚಿಸಿ ಹೇಳಿದೆ: "ಇಬ್ಬರನ್ನೂ ಕೂರಿಸಿ ಕಾಫಿ ಕೊಡ್ತೀನಿ."

"ಅಪ್ಪಾ! ನಾಲ್ಕು ಆನ್ಸರಲ್ಲಿ ಕಾಫೀನೇ ಇಲ್ಲ!"

"ಹಾಗಾದ್ರೆ ಈ ಪ್ರಶ್ನೆ ಬರೆದವನು ಯಾವತ್ತೂ ಯಾರಿಗೂ ಮನೆ ಬಾಡಿಗೆಗೆ ಕೊಟ್ಟಿಲ್ಲ ಬಿಡಮ್ಮ."

೩. ಆಯುಧಪೂಜೆ

ದೇವರ ದಯೆ, ಪಾಸಾದೆ. ಆಯುಧಪೂಜೆಗೆ ಸರಿಯಾಗಿ ಲೈಸೆನ್ಸು ಕೈಸೇರಿತು. ಇನ್ನು ಮೇಲೆ ನನ್ನ ಆಯುಧ ಅದೇ ತಾನೆ? ಗಾಜಿನ ಕಟ್ಟು ಹಾಕಿಸಿ, ಕುಂಕುಮವಿಟ್ಟು, ದೇವರ ಮುಂದೆ ಇಟ್ಟೆ. ಪೂಜೆಗಿಟ್ಟದ್ದನ್ನು ಮರುದಿನದ ಮಂಗಳಾರತಿಯವರೆಗೆ ಅಲುಗಿಸುವುದು ನಮ್ಮಲ್ಲಿಲ್ಲ.

ಆ ಸಂಜೆಯೇ ಡಾಕ್ಟರು ಬಂದರು. "ಎಲ್ಲಿ ರಾಯರೇ, ಲೈಸೆನ್ಸು?"

"ಕೈಕಾಲು ತೊಳ್ಕೊಂಡು ಒಳಗೆ ಬನ್ನಿ."

ಡಾಕ್ಟರೂ ದೈವಭಕ್ತರು. ಬಗ್ಗಿ ಪೂರ್ತಿ ಓದಿದರು. ತೃಪ್ತಿಯಾಯಿತು. "ಇನ್ನು ಮನೆ ನಿಮ್ಮ ಜವಾಬ್ದಾರಿ" ಎಂದು ಬೀಗದ ಕೈ ಗೊಂಚಲನ್ನು ಲೈಸೆನ್ಸಿನ ಮುಂದಿಟ್ಟು ಕೈಮುಗಿದರು. ಮನೆಯಾಕೆ ತಡಮಾಡದೆ ಅದಕ್ಕೂ ಕುಂಕುಮವಿಟ್ಟು ಹೂವೇರಿಸಿದಳು.

ಕಾಫಿ ಮುಗಿಸಿ ಎದ್ದ ಡಾಕ್ಟರು ಜೇಬು ತಡವಿ ಹಾಗೇ ನಿಂತರು. ಕಾರಿನ ಬೀಗದ ಕೈಯೂ ಅದೇ ಗೊಂಚಲಿನಲ್ಲಿತ್ತು!

"ನನ್ನ ಕಾರಲ್ಲಿ ಬಿಡ್ತೀನಿ" ಎಂದೆ.

"ಬಿಟ್ರೂ ಮನೆ ಬಾಗಿಲು ತೆಗೆಯೋದು ಹೇಗೆ?"

ಇಬ್ಬರೂ ದೇವರ ಕಡೆ ನೋಡಿದೆವು. ಗೊಂಚಲಿಗೆ ಕೈ ಹಾಕುವ ಧೈರ್ಯ ಇಬ್ಬರಿಗೂ ಬರಲಿಲ್ಲ. ಮನೆಯಾಕೆ ನಡುಮನೆಯಲ್ಲಿ ಜಮಖಾನ ಹಾಸಿದಳು.

ದಿಂಬು ಸರಿಮಾಡಿಕೊಳ್ಳುತ್ತ ಡಾಕ್ಟರು ಹೇಳಿದರು: "ತೊಂದರೆ ಕೊಡೋ ಬಾಡಿಗೆಯವರನ್ನ ಬಿಡಿಸಿ ಅಂದಿದ್ದೆ, ರಾಯರೇ. ನೀವು ಮೊದಲನೇ ದಿನವೇ ಓನರನ್ನೇ ಬಿಡಿಸಿದ್ರಲ್ಲ!"