ಕುರಾಮೊಚಿಯವರ ಭಾನುವಾರ

೧೯೮೫ರಲ್ಲಿ ಜಪಾನಿನ ಮಾಜಿ ಚಿತ್ರ ನಿರ್ಮಾಪಕ ಶ್ರೀ ಕುರಾಮೊಚಿಯವರು ಬನಿಯನ್ ಕೊಳ್ಳಲು ತಿರುಪ್ಪೂರಿಗೆ ದಯಮಾಡಿಸಿದ್ದು ಜವಳಿ ಉದ್ಯಮಕ್ಕೇ ಸಂದ ಗೌರವವೆಂದು ಬನಿಯನ್ ಕಂಪನಿಯ ಒಡೆಯ, ಮುದಲಾಳಿ ಕೃಷ್ಣಸಾಮಿಯವರು ಘೋಷಿಸಿದರು. ಜೊತೆಗೆ ಬಂದ ದುಭಾಷಿ ಮೊದಲ ಊಟಕ್ಕೇ ಹೊಟ್ಟೆ ಕೆಟ್ಟು ಆಸ್ಪತ್ರೆ ಸೇರಿದ್ದರಿಂದ, ಸನ್ಮಾನ ಸಭೆಯ ಭಾಷಾಂತರಕ್ಕೆ ನಿಟ್ಟಿಂಗ್ ಯಂತ್ರದ ಕಂದಸಾಮಿಯನ್ನು ನೇಮಿಸಲಾಯಿತು.

"ನಂಗೆ ಜಪಾನ್ ಬರಾದಿಲ್ಲ ಮುದಲಾಳಿ."

"ಮನೇಲಿ ಏನ್ ಮಾತಾಡ್ತೀಯ?"

"ಕನ್ನಡ."

"ಅದು ತಮಿಳಲ್ಲ. ಜಪಾನೂ ತಮಿಳಲ್ಲ. ಪೋ, ಮೈಕ್ ಪಿಡಿ."

ಇಂಥ ತರ್ಕಕ್ಕೆ ಎದುರಾಡುವುದುಂಟೆ! ಅಲ್ಲದೆ ಕಂದಸಾಮಿಗೆ ಬರುವ ಭಾನುವಾರ ರಜೆ ಬೇಕಿತ್ತು. ಅಂದು ಬೀಗರ ಊರಾದ ವೆಳ್ಳಕೋಯಿಲಿನಲ್ಲಿ ಮಗಳು ಮಲ್ಲಿಗಾಳ ನಿಶ್ಚಿತಾರ್ಥ. ರಫ್ತು ಮುಗಿಯುವ ತನಕ ಕಂಪನಿಯ ವಾರದಲ್ಲಿ ಭಾನುವಾರವೆಂಬುದೇ ಇರತಕ್ಕದ್ದಲ್ಲವೆಂದು ಮ್ಯಾನೇಜರ್ ಶಿವಲಿಂಗಂ ಆಜ್ಞೆ ಹೊರಡಿಸಿದ್ದ.

ಕುರಾಮೊಚಿ ಎದ್ದು ನಿಂತರು. ಯುದ್ಧ ಮುಗಿದ ಮೇಲೆ ಸುಟ್ಟ ಮರಮುಟ್ಟು ಜೋಡಿಸಿ ಸ್ಟುಡಿಯೋ ಕಟ್ಟಿದ್ದು, ಹಗಲಿರುಳೆನ್ನದೆ ಕತ್ತಿವರಸೆಯ ಚಿತ್ರ ತೆಗೆಸಿದ್ದು, ಕ್ಯಾಮೆರಾದವನು ನಿಂತಲ್ಲೇ ತೂಕಡಿಸಿ ಕಾಳಗದ ಬದಲು ಬರೀ ಆಕಾಶವನ್ನು ಹಿಡಿದದ್ದು, ಕಡೆಗೆ ಟೆಲಿವಿಷನ್ ಬಂದು ಬಾಗಿಲು ಹಾಕಿಸಿದ್ದು, ಎಲ್ಲ ಹೇಳಿ ಕಣ್ಣೊರೆಸಿಕೊಂಡರು. ಕಂದಸಾಮಿಗೆ ಒಂದಕ್ಷರವೂ ತಿಳಿಯಲಿಲ್ಲ. ಆದರೂ ಮುದುಕರ ಕಣ್ಣೀರು ಕಂಡು ತಾನೂ ಒಮ್ಮೆ ಕಣ್ಣೊರೆಸಿಕೊಂಡ. ಅವನು ಮೈಕ್ ಹಿಡಿದು ತಮಿಳಿನಲ್ಲಿ ಸಾರಿದ:

"ಅಯ್ಯಾ ಹೇಳ್ತಾರೆ: ಎಷ್ಟೋ ಸಿನಿಮಾ ತೆಗೆದೆ, ಒಂದು ಭಾನುವಾರಾನೂ ಶೂಟಿಂಗ್ ಇಟ್ಟೋನಲ್ಲ. ಮಗಳ ನಿಶ್ಚಯ ಅಂದ್ರೆ ಹೀರೋನ್ನೇ ಮನೆಗೆ ಕಳಿಸ್ದೆ. ಅದಕ್ಕೇ ಜಪಾನ್ ಮುಂದೆ ಬಂತು."

ಚಪ್ಪಾಳೆ ಬಿತ್ತು. ಸಂಜೆಯೇ ಪ್ರಕಟಣೆ ಹೊರಬಿತ್ತು: 'ಜಪಾನ್ ಪದ್ಧತಿಯನ್ವಯ ಕಾರ್ಮಿಕರಿಗೆ ಭಾನುವಾರ ರಜೆ. ಕನ್ನಡ ಬಲ್ಲವರು ಜಪಾನಿ ಭಾಷಾಧಿಕಾರಿಗಳಾಗಿ ಬಡ್ತಿ ಹೊಂದಿ, ಯಂತ್ರದಲ್ಲೇ ಮುಂದುವರಿಯತಕ್ಕದ್ದು. ಅಧಿಕಾರಿಗಳಿಗೆ ರಜೆ ಇರುವುದಿಲ್ಲ.' ಮರುದಿನ ಪರಿಶೀಲಿಸಲಾಗಿ ಕಂಪನಿಯಲ್ಲಿರುವವರೆಲ್ಲ ಕನ್ನಡ ಬಲ್ಲವರೇ ಎಂದು ಕಂಡುಬಂತು, ಮಧುರೆಯಿಂದ ಬಂದ ಮೈಲ್‌ಸಾಮಿಯೂ ಸೇರಿ.

ಕಂದಸಾಮಿಯ ಹೆಂಡತಿ ಮಾರಿಯಮ್ಮ ಗಂಡನಿಗೆ ಹಿಡಿಶಾಪ ಹಾಕಿದಳು. ಆದರೆ ಬೀಗರು ಹಿಗ್ಗಿಹೋದರು. "ಜಪಾನ್ ಆಫೀಸರ್ ಸಂಬಂಧ ಸುಮ್ನೆ ಸಿಕ್ಕತ್ತಾ? ನಾವೇ ಬರ್ತೀವಿ," ಎಂದು ಭಾನುವಾರ ವ್ಯಾನು ಮಾಡಿಕೊಂಡು ಕಂಪನಿಗೇ ಬಂದರು. ಯಂತ್ರಗಳ ಗದ್ದಲದ ನಡುವೆ ತಾಂಬೂಲ ಬದಲಾಯಿತು. ಕಂದಸಾಮಿ ಒಂದು ಕೈ ಯಂತ್ರದ ಮೇಲಿಟ್ಟೇ ಇನ್ನೊಂದರಿಂದ ಮಗಳ ತಲೆ ಸವರಿ, "ಚೆನ್ನಾಗಿರು ನನ್ ಕಣ್ಣು, ಅಳಬ್ಯಾಡ," ಎಂದ. ಅಳುತ್ತಿದ್ದವನು ಅವನೇ.

ಜೀವಮಾನವೆಲ್ಲ ಮನೆಯಲ್ಲಿ ಅದೇ ಕನ್ನಡ ಆಡಿದ ಬೀಗ ಗೋವಿಂದಸಾಮಿ ಭಕ್ತಿಯಿಂದ ತಲೆದೂಗಿದರು. "ಜಪಾನ್ ಎಷ್ಟು ಸಲೀಸು! ನಂಗೆ ಪೂರಾ ಅರ್ಥ ಆಯ್ತು."

ಶಿವಲಿಂಗಂ ಕೂಡಲೇ ಬೀಗರಿಗೆ ಕೈಮುಗಿದು, ಜಪಾನಿ ಭಾಷಾಧಿಕಾರಿಯೆಂದು ಅಭಿನಂದಿಸಿ, ಖಾಲಿಯಿದ್ದ ಯಂತ್ರದ ಮುಂದೆ ನಿಲ್ಲಿಸಿದ. ಅವರು ಶಲ್ಯ ತೆಗೆದಿಟ್ಟು ಕೆಲಸ ಶುರುಮಾಡಿದರು.