ಮೂರು ಚಪ್ಪಾಳೆಗೆ ಬೇಯುವ ಭತ್ತ

ಇಂಥದ್ದೆಲ್ಲ ನನಗೇ ಯಾಕೆ ಆಗ್ತದೆ ಎಂದು ಹೆಂಡತಿಯ ಹತ್ತಿರ ಕೇಳಿದರೆ, "ನೀವು ಹೋದಲ್ಲೆಲ್ಲ ನೀವೇ ಇರ್ತೀರಲ್ಲ, ಅದಕ್ಕೆ" ಅನ್ನುತ್ತಾಳೆ.

ನನ್ನ ಕೆಲಸ ಹಳೆಯ ಕಂಪ್ಯೂಟರುಗಳು ಸಾಯದ ಹಾಗೆ ನೋಡಿಕೊಳ್ಳುವುದು. ಆಫೀಸಿನವಲ್ಲ, ಕಾರ್ಖಾನೆಯಲ್ಲಿ ಬಿಸಿ ಎಷ್ಟು, ನೀರು ಎಷ್ಟು, ಆವಿ ಎಷ್ಟು ಎಂದು ನೋಡಿ ತಾವೇ ವಾಲ್ವು ತೆರೆದು ಮುಚ್ಚುವಂಥವು. ಮೂಡುಬಿದಿರೆಯಲ್ಲಿ ಒಂದು ಗೇರುಬೀಜದ ಫ್ಯಾಕ್ಟರಿ, ಬೆಳ್ತಂಗಡಿಯಲ್ಲಿ ಒಂದು ಐಸ್ ಪ್ಲಾಂಟ್, ಬಂಟ್ವಾಳದಲ್ಲಿ ಒಂದು ಕುಚ್ಚಲಕ್ಕಿ ಮಿಲ್ಲು. ಮೂರಕ್ಕೂ ಪ್ರೋಗ್ರಾಂ ಬರೆದವನು ನಾನೇ, ತಲೆಯಲ್ಲಿ ಕೂದಲಿದ್ದ ಕಾಲದಲ್ಲಿ. ಆಗ ಏನು ಬರೆದಿದ್ದೆ ಎಂದು ಈಗ ನನಗೆ ಗೊತ್ತಿಲ್ಲ. ಈ ಗುಟ್ಟು ಹೊರಬಿದ್ದರೆ, ಅಥವಾ ಮೂವರು ಮಾಲೀಕರಲ್ಲಿ ಒಬ್ಬರು ನನ್ನನ್ನು ಬಿಟ್ಟು ಹೊಸ ಕಂಪ್ಯೂಟರು ತಂದರೆ, ನನ್ನ ಅನ್ನಕ್ಕೆ ಕಲ್ಲು ಬಿದ್ದ ಹಾಗೆ.

ಮುಂದಿನದ್ದೆಲ್ಲ ನಡೆದದ್ದೇ. ಅಲ್ಲಲ್ಲಿ ಸ್ವಲ್ಪ ಒಗ್ಗರಣೆ ಹಾಕಿದ್ದೇನೆ.

ಎರಡು ಡಿಗ್ರಿ

ಗೇರುಬೀಜದ ತಿರುಳನ್ನು ಒಣಗಿಸುವ ಬಿಸಿ ಕೋಣೆಗೆ ಬೋರ್ಮಾ ಎನ್ನುತ್ತಾರೆ. ಮೂಡುಬಿದಿರೆಯ ಬೋರ್ಮಾದ ಬಿಸಿ ನೋಡಿಕೊಳ್ಳುವುದು ನನ್ನ ಕಂಪ್ಯೂಟರು. ಒಂದು ದಿನ ಅಲ್ಲಿ ಕೂತು ಆರು ಗಂಟೆ ಲೆಕ್ಕ ಸರಿಮಾಡಿದೆ. ಸರಿ, ಎರಡು ಗಂಟೆ, ಉಳಿದದ್ದು ಚಾ. ಏಳುವಾಗ ಅಲ್ಲಿನ ಮೇಸ್ತ್ರಿ ಅಕ್ಕ ಬಂದು ಬೋರ್ಮಾದ ಬಾಗಿಲಿಗೆ ಅಂಗೈ ಇಟ್ಟು, "ಸರ್, ಇದು ಎರಡು ಡಿಗ್ರಿ ಕಡಿಮೆ ತೋರಿಸ್ತದೆ" ಅಂದರು.

"ಅಕ್ಕ, ಇದು ಕಂಪ್ಯೂಟರು. ಕೈಯಲ್ಲಿ ಮುಟ್ಟಿ ನೋಡಲಿಕ್ಕೆ ಇದೇನು ಮಗುವಿನ ಜ್ವರವಾ?"

ಅವರು ಬಾಗಿಲಿನಿಂದ ಅಂಗೈ ತೆಗೆಯಲಿಲ್ಲ. ನಾನೂ ಹಟಕ್ಕೆ ಬಿದ್ದು ಪಾದರಸದ ಥರ್ಮಾಮೀಟರು ತರಿಸಿದೆ. ಸರಿಯಾಗಿ ಎರಡು ಡಿಗ್ರಿ ವ್ಯತ್ಯಾಸ ಉಂಟು.

"ಮೊದಲೇ ಹೇಳಬಹುದಿತ್ತಲ್ಲ ಅಕ್ಕ?"

"ಹೋದ ಸಲವೂ ನೀವು ಬಂದುಹೋದ ಮೇಲೆ ಹೀಗೇ ಆಗಿತ್ತು. ಅದರ ಹಿಂದಿನ ಸಲವೂ. ಪಾಪ, ದೂರದಿಂದ ಸ್ಕೂಟರಿನಲ್ಲಿ ಬರ್ತಾರೆ, ಬೇಜಾರು ಮಾಡುವುದು ಬೇಡ ಅಂತ ಸುಮ್ಮನಿದ್ದೆವು."

ಆಗ ಗೋಡೆಯ ಮೇಲೆ ಸೀಮೆಸುಣ್ಣದಲ್ಲಿ ಬರೆದದ್ದು ಕಣ್ಣಿಗೆ ಬಿತ್ತು: 'ಸರ್ ಬಂದುಹೋದರೆ ಎರಡು ಕೂಡಿಸಿ ಓದುವುದು.'

ಅಮ್ಮನ ಸ್ವರ

ಬೆಳ್ತಂಗಡಿಯ ಐಸ್ ಪ್ಲಾಂಟಿನಲ್ಲಿ ನೀರಿನ ತೊಟ್ಟಿ ತುಂಬಿದಾಗ ತಾನೇ ಮುಚ್ಚಿಕೊಳ್ಳಬೇಕಾದ ವಾಲ್ವು ಕೈಕೊಟ್ಟು ಯಾವ ಕಾಲವಾಯಿತೋ. ಕಂಪ್ಯೂಟರು ಪೀಂ ಎಂದು ಕೂಗಿದಾಗ ಯಾರಾದರೂ ಓಡಿಹೋಗಿ ಪಂಪು ಬಂದ್ ಮಾಡಬೇಕು. ಬರೀ ಪೀಂ ಅಂದರೆ ಏನು ಚಂದ ಎಂದು ನಾನು ನನ್ನ ಸ್ವರವನ್ನೇ ರೆಕಾರ್ಡ್ ಮಾಡಿ ತುಂಬಿಸಿದೆ: "ತೊಟ್ಟಿ ತುಂಬಿತು ಮಾರಾಯ್ರೆ, ಪಂಪು ಬಂದ್ ಮಾಡಿ."

ಮೊದಲ ವಾರ ಎಲ್ಲರೂ ನಕ್ಕರು. ಎರಡನೇ ವಾರ ಮೂರು ಸಲ ನೀರು ಹರಿದು ಪಕ್ಕದ ಗ್ಯಾರೇಜಿಗೆ ನುಗ್ಗಿತು. ಮಾಲೀಕರು ನನ್ನನ್ನು ಕರೆಸಿ, "ಇನ್ನೊಂದು ಸಲ ಹರಿದರೆ ಕಂಪ್ಯೂಟರೂ ನೀವೂ ಒಟ್ಟಿಗೆ ಹೊರಗೆ" ಅಂದರು. ನಾನು ಕೆಲಸದವರನ್ನು ಹಿಡಿದುಕೊಂಡೆ. ಕಂಪ್ಯೂಟರು ಕೂಗಲಿಲ್ಲವಾ?

"ಕೂಗಿತು ಸರ್."

"ಮತ್ತೆ?"

"ನಿಮ್ಮ ಸ್ವರ ಅಲ್ವಾ. ನೀವು ಬಂದರೆ ಹೇಗೂ ಮಾತಾಡ್ತಾ ಇರ್ತೀರಿ."

ಕೆಲಸ ಉಳಿಯಬೇಕಲ್ಲ. ಪ್ಲಾಂಟಿನ ಹಿಂದೆಯೇ ಇರುವ ಮಾಲೀಕರ ಮನೆಗೆ, ಅವರ ತಾಯಿಯ ಹತ್ತಿರ ಹೋದೆ. ಎಲೆಯಡಿಕೆ ಕುಟ್ಟುತ್ತಾ ಕೂತಿದ್ದರು. ಕಾಲು ಹಿಡಿದು ಒಂದು ಮಾತು ರೆಕಾರ್ಡ್ ಮಾಡಿಕೊಂಡೆ: "ಯಾರೋ ಅಲ್ಲಿ? ನೀರು ಪೋಲಾಗುವುದು ಕಾಣುವುದಿಲ್ವಾ?"

ಮರುದಿನ ಅದು ಮೊದಲ ಸಲ ಮೊಳಗಿದಾಗ ನಾನು ಅಲ್ಲೇ ಇದ್ದೆ. ಕೆಲಸದವರು ನಾಲ್ಕು ಮಂದಿಯೂ ಎದ್ದು ಓಡಿದರು. ಆದರೆ ಅವರು ತಲುಪುವಷ್ಟರಲ್ಲಿ ಪಂಪು ಬಂದ್ ಆಗಿತ್ತು. ಸ್ನಾನದ ಮನೆಯಿಂದ ಬೈರಾಸು ಸುತ್ತಿಕೊಂಡೇ ಓಡಿಬಂದ ಮಾಲೀಕರು, ಮೈತುಂಬ ಸಾಬೂನಿನ ನೊರೆಯಲ್ಲಿ ನಿಂತು, "ಮಾಡಿದೆ ಅಮ್ಮಾ" ಎನ್ನುತ್ತಿದ್ದರು.

ಬಾಯ್ಲರಣ್ಣ

ಇನ್ನು ಬಂಟ್ವಾಳದ್ದು. ಇದನ್ನು ಹೇಳಬಾರದೆಂದೇ ಇದ್ದೆ.

ಮಿಲ್ಲಿನಲ್ಲಿ ನೆನೆಸಿದ ಭತ್ತಕ್ಕೆ ಆವಿ ಬಿಡುವವರು ನನಗಿಂತ ಹತ್ತು ವರ್ಷ ಹಿರಿಯರು. ಎಲ್ಲರಿಗೂ ಅವರು ಬಾಯ್ಲರಣ್ಣ. ಅವರು ನಕ್ಕದ್ದನ್ನು ಕಂಡವರಿಲ್ಲ. ಪ್ರೋಗ್ರಾಂ ಬರೆಯುವ ಕಾಲಕ್ಕೆ ನನಗೆ ಪ್ರಾಯದ ಸೊಕ್ಕು. ಇವರನ್ನು ಸ್ವಲ್ಪ ಆಟ ಆಡಿಸುವ ಎಂದು, ಆವಿ ಬಿಡುವ ಮೊದಲು ಪರದೆಯಲ್ಲಿ ಒಂದು ಪ್ರಶ್ನೆ ಬರುವ ಹಾಗೆ ಮಾಡಿದೆ: 'ಮೂರು ಚಪ್ಪಾಳೆ ತಟ್ಟಿದಿರಾ? ಹೌದಾದರೆ ವೈ ಒತ್ತಿ.' ಆಮೇಲೆ ಗೋಣಿಚೀಲಗಳ ಹಿಂದೆ ಅಡಗಿ ಕೂತೆ.

ಬಾಯ್ಲರಣ್ಣ ಓದಿದರು. ಚಪ್ಪಲಿ ಕಳಚಿದರು. ದೇವರ ಎದುರು ನಿಂತ ಹಾಗೆ ನೆಟ್ಟಗೆ ನಿಂತು ಮೂರು ಸಲ ತಟ್ಟಿ, ವೈ ಒತ್ತಿದರು.

ನಗಲು ಬಾಯಿ ತೆರೆದವನು ಹಾಗೇ ಮುಚ್ಚಿಕೊಂಡೆ. ಅಷ್ಟು ಭಕ್ತಿಯಿಂದ ಮಾಡಿದವರಿಗೆ ಅದು ತಮಾಷೆ ಎಂದು ಯಾವ ಮುಖದಲ್ಲಿ ಹೇಳುವುದು? ನಾಳೆ ತೆಗೆಯುವ ಅಂದುಕೊಂಡೆ. ಆ ನಾಳೆ ಬಂದು ಹೋಗಿ ಇಪ್ಪತ್ತು ವರ್ಷವಾಯಿತು. ನಾನು ಮಿಲ್ಲಿಗೆ ಹೋದಾಗಲೆಲ್ಲ ಒಳಗಿನಿಂದ ಚಪ್ಪಾಳೆ ಕೇಳಿಸುತ್ತದೆ. ನಾನು ಗೋಡೆಯ ಕ್ಯಾಲೆಂಡರು ನೋಡುತ್ತೇನೆ.

ಈಗ ಮಿಲ್ಲು ನಡೆಸುವುದು ಧಣಿಗಳ ಮಗಳು. ಹಲ್ಲಿ ಲೊಚಗುಟ್ಟಿದರೂ ಕಾರಣ ಕೇಳುವ ಜನ. ಕೆಲವು ತಿಂಗಳ ಹಿಂದೆ ನನ್ನನ್ನು ಕರೆಸಿ, "ಸರ್, ಹೊಸ ಸಿಸ್ಟಮ್ ಹಾಕಿಸ್ತೇನೆ. ಹಳೆಯದ್ದರಲ್ಲಿ ಇರುವ ಒಂದೊಂದಕ್ಕೂ ಕಾರಣ ಬೇಕು. ಕಾರಣ ಹೇಳಲಿಕ್ಕೆ ಆಗದವರಿಗೆ ಹೊಸದರ ಉಸ್ತುವಾರಿ ಹೇಗೆ ಕೊಡುವುದು?" ಅಂದರು. ಆಮೇಲೆ ಪರದೆಗೆ ಬೆರಳು ತೋರಿಸಿ, "ಈ ಚಪ್ಪಾಳೆ ಯಾಕೆ?"

ನಾನು ಗೋಡೆಯ ಕ್ಯಾಲೆಂಡರು ನೋಡಿದೆ. ಇಪ್ಪತ್ತು ವರ್ಷದ ಅನ್ನ ಆ ಒಂದು ಪ್ರಶ್ನೆಯ ತುದಿಯಲ್ಲಿ ನೇತಾಡುತ್ತಿತ್ತು. ಆಗ ಹಿಂದಿನಿಂದ ಬಾಯ್ಲರಣ್ಣ ಅಂದರು, "ಅದು ಜಾಗ್ರತೆಗೆ, ಅಕ್ಕ. ಆವಿ ಬಿಡುವಾಗ ಪೈಪಿನ ಹತ್ತಿರ ಯಾರಾದರೂ ಇದ್ದರೆ ಗೊತ್ತಾಗಬೇಕಲ್ಲ. ಒಮ್ಮೆ ಒಬ್ಬ ಲೋಡರ್ ಅಲ್ಲೇ ಮಲಗಿದ್ದ. ಚಪ್ಪಾಳೆಗೆ ಎದ್ದು ಓಡಿದ, ಬದುಕಿಕೊಂಡ."

"ಅದೇ," ಎಂದೆ ನಾನು. "ಸುರಕ್ಷತೆ. ಆಗಲೇ ಯೋಚಿಸಿ ಹಾಕಿದ್ದು."

ಪರೀಕ್ಷೆ

ಧಣಿಗಳ ಮಗಳಿಗೆ ಅದು ಎಷ್ಟು ಹಿಡಿಸಿತೆಂದರೆ ಹೊಸ ಸಿಸ್ಟಮಿಗೂ ಚಪ್ಪಾಳೆ ಹಾಕಿಸಿದರು. ಈ ಸಲ ಮೈಕು ಬೇರೆ. ಚಪ್ಪಾಳೆಯನ್ನು ಕಂಪ್ಯೂಟರೇ ಎಣಿಸುತ್ತದೆ. ಅದನ್ನು ಮುಟ್ಟುವವರೆಲ್ಲ ಪರೀಕ್ಷೆ ಪಾಸಾಗಬೇಕು, ಉಸ್ತುವಾರಿಗೆ ಬಂದ ನಾನೂ.

ತಟ್ಟಿದೆ. 'ಎರಡು ಕೇಳಿಸಿತು. ಪುನಃ ತಟ್ಟಿ' ಎಂದು ಬಂತು. ಪುನಃ ತಟ್ಟಿದೆ. 'ನಾಲ್ಕು ಕೇಳಿಸಿತು.' ನಾಲ್ಕನೆಯದು ನನ್ನ ಹಿಂದೆ ಯಾರೋ ಸೊಳ್ಳೆ ಹೊಡೆದದ್ದು. ಮೂರನೆಯ ಸಲ ನನಗೇ ನಗು ಬಂದು ಕೈ ತಪ್ಪಿತು.

ಧಣಿಗಳ ಮಗಳು ಹಾಳೆಯಲ್ಲಿ ಏನೋ ಗುರುತು ಹಾಕುತ್ತಾ, "ಸರ್, ಇದು ನೀವೇ ಕಂಡುಹಿಡಿದದ್ದಲ್ವಾ? ಇನ್ನೊಂದೇ ಅವಕಾಶ ಉಂಟು" ಅಂದರು.

ಬಾಯ್ಲರಣ್ಣ ಹತ್ತಿರ ಬಂದು ಮೆಲ್ಲಗೆ, "ಗಡಿಬಿಡಿ ಮಾಡಬೇಡಿ. ಚಪ್ಪಲಿ ಕಳಚಿ. ನೆಟ್ಟಗೆ ನಿಲ್ಲಿ" ಅಂದರು. ಕಳಚಿದೆ. ನಿಂತೆ. ಇಡೀ ಮಿಲ್ಲಿನ ಎದುರು, ದೇವರ ಎದುರು ನಿಂತ ಹಾಗೆ, ಮೂರು ಸಲ ತಟ್ಟಿದೆ. ಆವಿ ಬಂತು. ಉಸ್ತುವಾರಿ ಉಳಿಯಿತು.

ಹೊರಗೆ ಚಾ ಕುಡಿಯುವಾಗ, "ಅಣ್ಣ, ನೀವು ಆ ಲೋಡರಿನ ಕಥೆ ಹೇಳದಿದ್ದರೆ ಅಂದೇ ನನ್ನ ಕೆಲಸ ಹೋಗ್ತಿತ್ತು" ಅಂದೆ.

"ಯಾವ ಲೋಡರ್?"

ನಾನು ಗ್ಲಾಸು ಕೆಳಗಿಟ್ಟೆ.

"ಗೋಣಿಯ ಹಿಂದೆ ಅಡಗುವವರು ಕಾಲನ್ನೂ ಒಳಗೆ ಎಳೆದುಕೊಳ್ಳಬೇಕು, ಮಾರಾಯ್ರೆ," ಅಂದರು ಬಾಯ್ಲರಣ್ಣ. "ನಿಮ್ಮ ಬೂಟು ಅವತ್ತೇ ಕಂಡಿತ್ತು."

"ಹಾಗಾದರೆ ಇಪ್ಪತ್ತು ವರ್ಷ ಸುಮ್ಮನೆ ಯಾಕೆ ತಟ್ಟಿದ್ದು?"

"ದಿನಾ ಎಲ್ಲಿ ತಟ್ಟುವುದು? ನಿಮ್ಮ ಸ್ಕೂಟರಿನ ಶಬ್ದ ಕೇಳಿದ ದಿನ ಮಾತ್ರ," ಎಂದು ಹೇಳಿ, ಮೊದಲ ಸಲ ನಕ್ಕರು. "ನೀವು ಒಮ್ಮೆ ತಟ್ಟುವುದನ್ನು ನೋಡಿಯೇ ರಿಟೈರ್ ಆಗುವ ಅಂತ ಇದ್ದೆ. ಮುಂದಿನ ತಿಂಗಳು ಹೋಗ್ತೇನೆ."