ತಗಡಿನ ಡಬ್ಬಿಯ ಸಾರು

ಎರಡು ದೇಶಗಳ ಅಡುಗೆ ಒಂದೇ ಒಲೆಯನ್ನೇರಿದ ಮನೆಯಲ್ಲಿ ನಗುವಿಗೆ ಕೊರತೆಯೆಂಬುದಿಲ್ಲ. ಒಂದು ಪ್ರಸಂಗವನ್ನು ಮರೆಯುವಷ್ಟರಲ್ಲಿ ಇನ್ನೊಂದು ಬಾಗಿಲು ತಟ್ಟುತ್ತದೆ. ಅಂಥ ಮನೆಯೊಂದರ ಜಗಲಿಯಲ್ಲಿ ನನ್ನ ಪ್ರಾಯದ ಕೆಲವು ವರ್ಷಗಳು ಕಳೆದವು. ಕಳೆದ ಯುದ್ಧಕ್ಕೆ ಸ್ವಲ್ಪ ಮುಂಚಿನ ಕಾಲ. ರೇಷ್ಮೆನೂಲು ಕೊಳ್ಳುವ ವಿಲಾಯತಿ ಕಂಪನಿಯ ದೊರೆಯೊಬ್ಬರು ಪತ್ನೀಸಮೇತರಾಗಿ ಕೋಲಾರದಲ್ಲಿ ಬಿಡಾರ ಹೂಡಿದ್ದರು. ದೊರೆಸಾನಿಗೆ ಕನ್ನಡ ಕಲಿಸುವುದು, ಮನೆಯವರ ಮಾತನ್ನು ಅತ್ತಿಂದಿತ್ತ ದಾಟಿಸುವುದು ನನ್ನ ಉದ್ಯೋಗ. ನಾನು ಸಸ್ಯಾಹಾರಿಯಾದುದರಿಂದ ಆ ಮನೆಯ ಅಡುಗೆಯನ್ನು ಮೂಗಿನಿಂದ ಮಾತ್ರ ಬಲ್ಲೆ.

ಅಡುಗೆಯಾಕೆ ಮುಳಬಾಗಿಲು ಸೀಮೆಯವಳು, ಕುರುಡುಮಲೆಯ ಬಳಿಯ ರಾಗಿ ಬೆಳೆಯುವ ಮನೆಯ ಸೊಸೆ. ಗಂಡ ತೀರಿಕೊಂಡ ಮೇಲೆ ಮುದಿ ಅತ್ತೆಯನ್ನು ಕರೆದುಕೊಂಡು ಬಂದು ಬಂಗಲೆಯ ಹಿತ್ತಿಲ ಕೋಣೆಯಲ್ಲಿದ್ದಳು. ಇಬ್ಬರ ಹೊಟ್ಟೆಯೂ ಆ ಸಂಬಳದಿಂದಲೇ ತುಂಬಬೇಕು. ತೆಲುಗನ್ನೂ ಕನ್ನಡವನ್ನೂ ಒಂದೇ ಉಸಿರಿನಲ್ಲಿ ಆಡುತ್ತಿದ್ದಳು. ಆದರೆ ಎರಡರಲ್ಲಿಯೂ ‘ಆಗಲಿ’ ಎಂಬ ಪದವನ್ನು ಕಲಿತಿರಲಿಲ್ಲ.

೧. ಮಂತ್ರೋದಕ

ಒಂದು ದಿನ ವಿಲಾಯತಿಯಿಂದ ಪೆಟ್ಟಿಗೆಯೊಂದು ಬಂದಿತು. ಅದರ ತುಂಬ ತಗಡಿನ ಡಬ್ಬಿಗಳು, ಡಬ್ಬಿಗಳ ತುಂಬ ನುಣುಪಾದ ಕಂದು ಪುಡಿ. ಹುರಿದ ಮಾಂಸದ ಮೇಲೂ ಬೆಂದ ಆಲೂಗಡ್ಡೆಯ ಮೇಲೂ ಹನಿಸಿಕೊಳ್ಳುವ ಗಟ್ಟಿ ರಸಕ್ಕೆ ಅವರಲ್ಲಿ ಗ್ರೇವಿ ಎಂದು ಹೆಸರು. ಈ ಪುಡಿಗೆ ಬಿಸಿನೀರು ಬೆರೆಸಿ ಕದಡಿದರೆ ಗ್ರೇವಿ ಸಿದ್ಧ. ತಮ್ಮ ನಾಡಿನ ಮನೆಮನೆಯಲ್ಲೂ ಅದು ಒಲೆಯ ಪಕ್ಕದಲ್ಲಿರುವುದೆಂದೂ, ಅದಿಲ್ಲದ ಭಾನುವಾರದ ಊಟ ಊಟವೇ ಅಲ್ಲವೆಂದೂ ದೊರೆಸಾನಿ ನನಗೆ ತಿಳಿಸಿದರು.

ಆಗತಾನೇ ಅವರ ಕನ್ನಡ ಪಾಠ ಆರಂಭವಾಗಿತ್ತು. ನಾನು ಕಲಿಸುತ್ತಿದ್ದುದು ನಾನು ಓದಿದ ಕನ್ನಡವನ್ನೇ. ಹೀಗಾಗಿ ಅವರು ಅಡುಗೆಮನೆಗೆ ಹೋಗಿ, ಪುಡಿಯನ್ನು ಬಟ್ಟಲಿಗೆ ಹಾಕಿ, ಗಂಭೀರವಾಗಿ ಅಪ್ಪಣೆ ಕೊಡಿಸಿದರು: “ಎಲೌ ಪಾಚಕಿ, ಈ ಚೂರ್ಣಮಂ ಉಷ್ಣೋದಕದೊಳ್ ಕದಡು!”

ಅಡುಗೆಯಾಕೆ ಸೌಟನ್ನು ಅಲ್ಲಿಯೇ ಬಿಟ್ಟು ಜಗಲಿಗೆ ಓಡಿಬಂದಳು.

“ಮೇಷ್ಟ್ರೇ, ದೊರೆಸಾನಿ ಪುಡಿ ಹಿಡ್ಕೊಂಡು ಮಂತ್ರ ಹೇಳ್ತಾವ್ರೆ. ದೆವ್ವ ಹಿಡಿದಿರೋದು ಅವರಿಗಾ, ನನಗಾ?”

೨. ತೀರ್ಥ

ಪುಡಿಯ ರಹಸ್ಯ ತಿಳಿದ ಬಳಿಕ ಆಕೆಯ ತಿರಸ್ಕಾರಕ್ಕೆ ಮೇರೆಯಿಲ್ಲದಾಯಿತು.

“ಅರೆಯೋದಿಲ್ಲ, ಕುದಿಸೋದಿಲ್ಲ, ಒಗ್ಗರಣೆ ಕೇಳ್ಲೇಬೇಡಿ. ಇದು ಸಾರಾ? ಕೈ ತೊಳೆದ ನೀರು ಇದಕ್ಕಿಂತ ರುಚಿಯಾಗಿರ್ತದೆ ಸ್ವಾಮಿ!”

ಏನೆಂದಳೆಂದು ದೊರೆಸಾನಿ ಕೇಳಿದರು. “ಇದರ ಸರಳತೆಗೆ ಬೆರಗಾಗಿದ್ದಾಳೆ” ಎಂದು ನಾನು ಭಾಷಾಂತರಿಸಿದೆ. ಇಂಗ್ಲಿಷ್ ಬಾರದಿದ್ದರೂ ಮುಖವನ್ನು ಓದಬಲ್ಲವಳಾದ ಆಕೆ, “ನನ್ನ ಮಾತಿಗೆ ನೀರು ಬೆರೆಸಿದ್ರಿ ಅಲ್ವಾ?” ಎಂದು ನನ್ನನ್ನು ದುರುಗುಟ್ಟಿ ನೋಡಿದಳು.

ಆ ಭಾನುವಾರ ಹೇಳಿದಂತೆಯೇ ಗ್ರೇವಿ ಮಾಡಿದಳು. ಆದರೆ ಬಡಿಸುವ ಕ್ರಮವನ್ನು ಯಾರೂ ಹೇಳಿರಲಿಲ್ಲ. ಮುದ್ದೆ ಮುಳುಗುವಂತೆ ಸಾರು ಹುಯ್ಯುವ ಸೀಮೆಯವಳು ಆಕೆ. ಪಾತ್ರೆಯನ್ನು ಎತ್ತಿ ದೊರೆಯ ತಟ್ಟೆಗೆ ಬಗ್ಗಿಸಿಯೇಬಿಟ್ಟಳು. ದೊರೆ ಮುಳ್ಳುಚಮಚವನ್ನು ಹಿಡಿದು, ಕೆರೆಯಲ್ಲಿ ಕಳೆದ ಉಂಗುರವನ್ನು ಅರಸುವವರಂತೆ ಮಾಂಸವನ್ನು ಅರಸತೊಡಗಿದರು. ದೊರೆಸಾನಿ ಹೌಹಾರಿ, ಪುಟ್ಟ ಚಮಚದಲ್ಲಿ ಹೇಗೆ ಎರಡು ಹನಿ ಬಿಡಬೇಕೆಂದು ಮಾಡಿ ತೋರಿಸಿದರು.

ಅಡುಗೆಯಾಕೆ ಸೊಂಟದ ಮೇಲೆ ಕೈಯಿಟ್ಟು ನೋಡಿದಳು. ಬಳಿಕ ನನ್ನತ್ತ ತಿರುಗಿ ಕೇಳಿದಳು: “ಹಸಿದು ಕೂತಿರೋ ಗಂಡಸಿಗೆ ಸಾರನ್ನ ಚಮಚದಲ್ಲಿ ಬಿಡ್ತಾರಲ್ಲ ಮೇಷ್ಟ್ರೇ, ಇದೇನು ತೀರ್ಥವಾ? ತಲೆ ಮೇಲೂ ಸವರ್ಕೋಬೇಕಾ?”

೩. ಶ್ರೀನಿವಾಸಪುರದ ಕಷಾಯ

ದೊರೆಗೂ ಆ ಡಬ್ಬಿಯ ಮೇಲೆ ಅಪಾರ ಪ್ರೇಮ. ಮಾಲೂರಿಗೆ ಹೋಗಲಿ, ಹುತ್ತೂರಿಗೆ ಹೋಗಲಿ, ರೇಷ್ಮೆಗೂಡು ನೋಡಲು ಹೊರಟಾಗಲೆಲ್ಲ ಅದು ಅವರ ಚೀಲದಲ್ಲಿರುತ್ತಿತ್ತು. ಒಮ್ಮೆ ಶ್ರೀನಿವಾಸಪುರದ ಹತ್ತಿರ ಹಿಪ್ಪುನೇರಳೆ ಬೆಳೆಯುವ ರೈತರೊಬ್ಬರ ಮನೆಯಲ್ಲಿ ನಮ್ಮನ್ನು ಊಟಕ್ಕೆ ನಿಲ್ಲಿಸಿಕೊಂಡರು. ದೊರೆಗೆ ನಾಟಿಕೋಳಿ ಹುರಿದಿದ್ದರು. ನನಗೆ ಬೇರೆ ಪಾತ್ರೆಯಲ್ಲಿ ಸೊಪ್ಪಿನ ಸಾರು.

ಎಲೆಯ ಮುಂದೆ ಕುಳಿತ ದೊರೆ ಡಬ್ಬಿಯನ್ನು ಹೊರತೆಗೆದು ಬಿಸಿನೀರು ಬೇಡಿದರು. ಪರರ ಮನೆಗೆ ಸಾರು ಹೊತ್ತು ಬರುವ ಅತಿಥಿಯನ್ನು ಆ ಮನೆಯವರು ಕಂಡಿರಲಿಲ್ಲ, ಕೇಳಿಯೂ ಇರಲಿಲ್ಲ. ಊಟಕ್ಕೆ ಮೊದಲು ಕಂದು ಪುಡಿಯನ್ನು ಬಿಸಿನೀರಿನಲ್ಲಿ ಕದಡುವವನು ರೋಗಿಯಲ್ಲದೆ ಮತ್ತಾರು? ಯಜಮಾನರು ಕೂಗಿದರು: “ಲೇ, ಕೋಳಿ ಎತ್ರೋ! ದೊರೆಗೆ ಹೊಟ್ಟೆನೋವು. ಕಷಾಯ ಕುಡೀತಾವ್ರೆ.”

ಅದು ಔಷಧವಲ್ಲವೆಂದು ನಾನು ಹೇಳಿದೆ. “ಸುಮ್ನಿರಿ ಸ್ವಾಮಿ, ದೊಡ್ಡವರು ಕಾಯಿಲೆ ಮುಚ್ಚಿಡ್ತಾರೆ” ಎಂದು ನನ್ನ ಬಾಯಿ ಮುಚ್ಚಿಸಿದರು. ದೊರೆಯನ್ನು ಮೆಲ್ಲನೆ ಎಬ್ಬಿಸಿ ಮಂಚದ ಮೇಲೆ ಮಲಗಿಸಿ, ಹೊಟ್ಟೆಗೆ ಹರಳೆಣ್ಣೆ ಸವರಿ, ಜೀರಿಗೆ ನೀರು ಕುಡಿಸಿದರು. ದೊರೆಗೆಂದು ಹುರಿದ ಕೋಳಿಯನ್ನು ಅವರ ಕಣ್ಣೆದುರಿನಲ್ಲಿಯೇ ಮನೆಯವರು ಸಂತಾಪದಿಂದ ತಿಂದು ಮುಗಿಸಿದರು.

೪. ಚೌಳು ನೆಲ

ಇಷ್ಟರಲ್ಲಿ ಮಗನನ್ನು ನೋಡಿಹೋಗಲೆಂದು ದೊರೆಯ ತಾಯಿ ಹಡಗೇರಿ ಬಂದರು. ಬಂದ ಬೆನ್ನಿಗೇ ಯುದ್ಧ ಹೊತ್ತಿಕೊಂಡು ಅವರು ಹಿಂದಿರುಗುವ ದಾರಿ ಮುಚ್ಚಿತು. ಡಬ್ಬಿಗಳು ಬರುವ ದಾರಿಯೂ ಮುಚ್ಚಿತು. ಹಿರಿಯಮ್ಮನ ಬಾಯಲ್ಲಿ ನಿತ್ಯವೂ ಒಂದೇ ಪಲ್ಲವಿ: ಸೊಸೆಗೆ ಮನೆ ನಡೆಸಲು ಬಾರದು. ಅವರ ಹುಟ್ಟುಹಬ್ಬದ ಭಾನುವಾರದಂದಾದರೂ ಬಾಯಿ ಮುಚ್ಚಿಸಬೇಕೆಂದು ದೊರೆಸಾನಿ ಕೊನೆಯ ಡಬ್ಬಿಯನ್ನು ಒಡವೆಯಂತೆ ಕಾಪಾಡಿದರು.

ಹಬ್ಬದ ಹಿಂದಿನ ಮಧ್ಯಾಹ್ನ ಅಡುಗೆಯಾಕೆ ಸಂತೆಗೆ ಹೋಗಿದ್ದಾಗ ಆಕೆಯ ಅತ್ತೆಗೆ ಹಸಿವಾಯಿತು. ಅಡುಗೆಮನೆಗೆ ಬಂದು ನೋಡಿದರೆ ಡಬ್ಬಿಯಲ್ಲಿ ಕಂದು ಪುಡಿ. ರಾಗಿ ಹುರಿದು ಬೀಸಿದ ಹುರಿಹಿಟ್ಟೆಂದು ನಿಶ್ಚಯಿಸಿ, ಅಷ್ಟನ್ನೂ ಬಟ್ಟಲಿಗೆ ಸುರಿದು, ಬೆಲ್ಲ ಹಾಕಿ, ಹಾಲಿನಲ್ಲಿ ಕಲಸಿ ಬಾಯಿಗಿಟ್ಟಳು. ಉಗಿದಳು. ಹಿತ್ತಿಲಲ್ಲಿ ಕಟ್ಟಿದ್ದ ಕರುವಿನ ಮುಂದಿಟ್ಟಳು. ಕರು ಮೂಸಿ ಬೆನ್ನು ತಿರುಗಿಸಿತು.

ಬರಿದಾದ ಡಬ್ಬಿಯನ್ನು ಕಂಡು ದೊರೆಸಾನಿ ತಲೆಯ ಮೇಲೆ ಕೈಹೊತ್ತರು. ಮುದುಕಿಯೇ ಅವರನ್ನು ಸಂತೈಸತೊಡಗಿದಳು: “ತಾಯೀ, ಬೇಜಾರ್ ಮಾಡ್ಕೋಬೇಡಿ, ನಿಮ್ಮ ದೊರೆಗಳ ರಾಗಿ ಕೆಟ್ಟೋಗೈತೆ. ಬರೀ ಉಪ್ಪು! ನಿಮ್ಮೂರ ಹೊಲ ಚೌಳು ನೆಲ ಇರ್ಬೇಕು. ಮುಂದಿನ ಮಳೆಗೆ ಬಿತ್ತನೆ ಬದಲಾಯಿಸಿ.”

“ಹಿರಿಯಾಕೆ ಕ್ಷಮೆ ಬೇಡುತ್ತಿದ್ದಾರೆ” ಎಂದೆ ನಾನು.

೫. ನೀರು ಬೆರೆಸದ ಮಾತು

ಸಂತೆಯಿಂದ ಮರಳಿದ ಅಡುಗೆಯಾಕೆ ಎಲ್ಲವನ್ನೂ ಕೇಳಿ ಎಳ್ಳಷ್ಟೂ ಅಳುಕಲಿಲ್ಲ. “ಅದೂ ಹುರಿದ ಹಿಟ್ಟೇ ತಾನೇ? ನಮ್ಮನೇಲಿ ರಾಗಿ ಇಲ್ವಾ? ನಾನು ಮಾಡ್ತೀನಿ” ಎಂದಳು.

ದೊರೆಸಾನಿ ಒಪ್ಪಿದರು. ಆದರೆ ಹುರಿಹಿಟ್ಟನ್ನು ಆ ಬರಿಯ ಡಬ್ಬಿಯಲ್ಲಿ ತುಂಬಿ ತಮ್ಮ ಅತ್ತೆಯ ಎದುರಿಗಿಡಬೇಕು, ರಾಗಿಯ ಸುದ್ದಿ ಯಾರ ಬಾಯಿಂದಲೂ ಹೊರಡಕೂಡದು, ಹೊರಟರೆ ಸೋಮವಾರದಿಂದ ಕೆಲಸವಿಲ್ಲ ಎಂದರು. ನಾನು ಅದನ್ನು ಕನ್ನಡಕ್ಕೆ ತಂದೆ.

“ಕೆಲಸದ ಮಾತು ಆಮೇಲೆ. ನನ್ನ ರಾಗಿ ಆ ಡಬ್ಬೀಲಿ ಕೂರಲ್ಲ ಅಂತ ಹೇಳಿ.”

“ಅಲ್ಲಮ್ಮಾ, ಹಿತ್ತಿಲ ಕೋಣೆಯಲ್ಲಿ ಮುದಿ ಅತ್ತೆಯಿದ್ದಾರೆ. ಸ್ವಲ್ಪ ತಗ್ಗಿ ನಡೆಯಬಾರದೆ?”

“ತಗ್ಗಿ ತಗ್ಗಿ ಬೆನ್ನು ಬಾಗಿರೋರು ನೀವು ಮೇಷ್ಟ್ರೇ. ನಾನು ಬಗ್ಗೋದು ಒಲೆ ಊದೋಕೆ ಮಾತ್ರ.”

ಭಾನುವಾರ ಊಟದ ಕೋಣೆಯ ಬಾಗಿಲಲ್ಲಿ ನಾನು ನಿಂತಿದ್ದೆ. ಕುರಿಯ ತೊಡೆ ಹುರಿದಾಗ ಇಳಿದ ರಸಕ್ಕೆ ಕೆಂಪಗೆ ಬಾಡಿಸಿದ ಈರುಳ್ಳಿ, ಮೆಣಸು, ಹುರಿಹಿಟ್ಟು ಬೆರೆಸಿ ಆಕೆ ಗ್ರೇವಿ ಕಾಯಿಸಿದ್ದಳು. ಆ ಪರಿಮಳಕ್ಕೆ ನನ್ನ ಮೂಗೂ ಒಂದು ಕ್ಷಣ ಧರ್ಮಸಂಕಟಕ್ಕೆ ಒಳಗಾಯಿತು. ದೊರೆಸಾನಿ ಬರಿಯ ಡಬ್ಬಿಯನ್ನೇ ಮೇಜಿನ ಮೇಲೆ ಇಟ್ಟಿದ್ದರು. ಹಿರಿಯಮ್ಮ ಒಂದು ತುತ್ತು ಬಾಯಿಗಿಟ್ಟು, ಕಣ್ಣು ಮುಚ್ಚಿ, ಡಬ್ಬಿಯ ತಲೆಯನ್ನು ತಟ್ಟಿ ಏನೋ ಹೇಳಿದರು. ದೊರೆಸಾನಿಯ ಮುಖ ಅರಳಿತು.

“ಏನಂದ್ರು?” ಎಂದಳು ಅಡುಗೆಯಾಕೆ.

ನಾನು ತಡವರಿಸಿದೆ. “ಈ ಡಬ್ಬಿಯ ರುಚಿಯೇ ರುಚಿ, ಇಂಥದ್ದು ಈ ದೇಶದ ಕೈಗಳಿಂದ ಆಗುವುದಿಲ್ಲ ಎಂದರು.”

ಆಕೆ ಒಳಗೆ ಹೋದಳು. ಹುರಿಹಿಟ್ಟಿನ ಮಡಕೆಯನ್ನು ತಂದು, ಡಬ್ಬಿಯನ್ನು ಮೊಣಕೈಯಿಂದ ಸರಿಸಿ, ಅದರ ಜಾಗದಲ್ಲಿ ಕುಕ್ಕಿದಳು.

“ಮೇಷ್ಟ್ರೇ, ಇವತ್ತು ನನ್ನ ಮಾತಿಗೆ ನೀರು ಬೆರೆಸ್ಬೇಡಿ. ಇದ್ದಂಗೆ ಬಡಿಸಿ. ಅಜ್ಜಮ್ಮಾ, ಇದು ಡಬ್ಬೀದಲ್ಲ. ರಾಗಿ ನಮ್ಮ ಹೊಲದ್ದು, ಹುರಿದವಳು ನಾನು, ಬೀಸಿದವಳು ನಾನು. ಕೆಲಸ ಹೋದ್ರೆ ಹೋಗ್ಲಿ, ಹೆಸರು ಮಾತ್ರ ಆ ತಗಡಿಗೆ ಹೋಗಕೂಡದು!”

ದೊರೆಸಾನಿ ನನ್ನನ್ನು ನೋಡಿ ತಲೆಯಾಡಿಸಿದರು, ಬೇಡ ಎಂದು. ಆ ಮನೆಯಲ್ಲಿ ಅಷ್ಟು ವರ್ಷ ಮಾತುಗಳನ್ನು ಮೃದುಗೊಳಿಸಿದ್ದ ನನಗೂ ಅಂದು ಯಾಕೋ ಸಾಕೆನಿಸಿತು. ಪ್ರತಿಯೊಂದು ಪದವನ್ನೂ, ‘ತಗಡು’ ಎಂಬಲ್ಲಿನ ಒತ್ತನ್ನೂ ಬಿಡದೆ, ಇಂಗ್ಲಿಷಿನಲ್ಲಿ ಬಡಿಸಿಬಿಟ್ಟೆ.

ಹಿರಿಯಮ್ಮ ಮಡಕೆಯೊಳಗೆ ಬೆರಳಿಟ್ಟರು, ಮೂಸಿದರು, ನೆಕ್ಕಿದರು. ಬಳಿಕ ನಿಧಾನವಾಗಿ ಹೇಳಿದರು: ತಾವು ಮದುವೆಯಾಗಿ ಬಂದಾಗ ತಮ್ಮ ಅತ್ತೆಯೂ ಬಾಣಲೆಯಲ್ಲಿ ಹಿಟ್ಟು ಹುರಿದೇ ಗ್ರೇವಿ ಮಾಡುತ್ತಿದ್ದರಂತೆ; ಡಬ್ಬಿ ತಂದ ತಮ್ಮನ್ನು ಸೋಮಾರಿಯೆಂದು ಸಾಯುವತನಕ ಬೈದರಂತೆ. ಆಮೇಲೆ ಸೊಸೆಯ ಕಡೆ ತಿರುಗಿ, “ಯಾರನ್ನಾದರೂ ಕಳಿಸಲೇಬೇಕಿದ್ದರೆ ಈ ಡಬ್ಬಿಯನ್ನು ಕಳಿಸು” ಎಂದರು. ಚಮಚವನ್ನು ಪಕ್ಕಕ್ಕಿಟ್ಟು, ಗ್ರೇವಿಯ ಪಾತ್ರೆಯನ್ನೇ ಎತ್ತಿ ಮಾಂಸ ಮುಳುಗುವಂತೆ ಸುರಿದುಕೊಂಡರು.

“ಈಗ ನೋಡಿ ಉಣ್ಣೋ ರೀತಿ!” ಎಂದಳು ಅಡುಗೆಯಾಕೆ.

ಗದ್ದಲ ಕೇಳಿ ಆಕೆಯ ಅತ್ತೆ ಹಿತ್ತಿಲ ಬಾಗಿಲಿಂದ ಇಣುಕಿದಳು. ಹಿರಿಯಮ್ಮ ಅವಳನ್ನು ಕೈಸನ್ನೆಯಿಂದ ಕರೆದು ಒಂದು ಬಟ್ಟಲು ಗ್ರೇವಿ ಕೊಟ್ಟರು. ಮುದುಕಿ ಅಳುಕುತ್ತಲೇ ನಾಲಗೆ ತಾಗಿಸಿದಳು, ಚಪ್ಪರಿಸಿದಳು, ಬಟ್ಟಲನ್ನು ಬರಿದುಮಾಡಿದಳು. ಅನಂತರ ದೊರೆಸಾನಿಯ ಭುಜ ತಟ್ಟಿ ಹೇಳಿದಳು:

“ನೋಡಿದ್ರಾ ತಾಯೀ, ಈ ಸಲ ದೊರೆಗಳ ರಾಗಿ ಎಷ್ಟು ಚೆನ್ನಾಗ್ ಬಂದೈತೆ! ಬಿತ್ತನೆ ಬದಲಾಯಿಸಿ ಅಂತ ನಾನ್ ಹೇಳಿರ್ಲಿಲ್ವಾ?”